ಗೌರವ್ವನ ಮುಖದ ಹಿಂದಿನ ಸಂಗೀತ

ಪರದೆಯ ಮೇಲೆ ಒಬ್ಬ ಹೆಂಗಸಿನ ಮುಖ ಮೂಡಿತು. ಮರುಕ್ಷಣವೇ ಬೆಂಗಳೂರಿನ ಮಕ್ಕಳ ಪಾಲನಾ ಮಂಡಳಿಯ ವಿಚಾರಣಾ ಕೊಠಡಿಯಲ್ಲಿ ಸಂಗೀತ ಶುರುವಾಯಿತು. ದಪ್ಪ ದನಿಯ ತುತ್ತೂರಿಯೊಂದು ಭಾರವಾದ ಹೆಜ್ಜೆಯಲ್ಲಿ ‘ಭೊಂಪ್ ಭೊಂಪ್’ ಎನ್ನುತ್ತ ನಡೆಯಿತು. ಅದರ ಬೆನ್ನಿಗೆ ಕ್ಲಾರಿನೆಟ್ ಒಂದು ಜಾರಿ ಬಿದ್ದು ಎದ್ದವರಂತೆ ಕುಪ್ಪಳಿಸಿತು. ಮಂಡಳಿಯ ಅಧ್ಯಕ್ಷೆ ಸುಧಾಮಣಿ ಅರಸು ಅವರ ತುಟಿಯಂಚು ತಾನಾಗಿ ಮೇಲೆದ್ದಿತು. ಎಡಬಲದಲ್ಲಿ ಕುಳಿತಿದ್ದ ಇಬ್ಬರು ಸದಸ್ಯರು ತಲೆ ತಗ್ಗಿಸಿ ನಗೆಯನ್ನು ನುಂಗಿಕೊಂಡರು. ಮೂವರೂ ಸಜ್ಜನರೇ. ತಾವು ಏಕೆ ನಗುತ್ತಿದ್ದೇವೆಂಬುದು ಅವರ ಗಮನಕ್ಕೇ ಬಂದಿರಲಿಲ್ಲ.

“ನಮಸ್ಕಾರ್ರಿ. ನಾ ಗೌರವ್ವ ಗರಡಿಮನಿ, ಅಣ್ಣಿಗೇರಿಯಾಕಿ. ತೀರಿಹೋದ ನನ್ನ ತಂಗಿ ಮಗಳನ್ನ ನನ್ನ ಮನಿಗೆ ಕಳಸ್ರಿ ಅಂತ ಕೇಳಾಕ ಬಂದೇನಿ,” ಎಂದಿತು ಪರದೆಯ ಮುಖ.

ತುತ್ತೂರಿ ಇನ್ನೊಂದು ಹೆಜ್ಜೆ ಹಾಕಿತು. ಸದಸ್ಯರೊಬ್ಬರು ಕೆಮ್ಮಿನ ನೆಪ ಮಾಡಿ ಬಾಯಿಗೆ ಕರವಸ್ತ್ರ ಹಿಡಿದರು.

ಆ ಕಾಲಕ್ಕೆ ನಾಡಿನ ವಿಚಾರಣೆಗಳು, ಸಂದರ್ಶನಗಳು, ಕೊನೆಗೆ ಹೆಣ್ಣು ನೋಡುವ ಶಾಸ್ತ್ರ ಕೂಡ ಪರದೆಯ ಮೇಲೆಯೇ ನಡೆಯುತ್ತಿದ್ದವು. ದಿನವಿಡೀ ಮುಖಗಳನ್ನು ನೋಡಿ ನೋಡಿ ಅಧಿಕಾರಿಗಳಿಗೆ ಒಂದು ಬಗೆಯ ಜಡತೆ ಹತ್ತಿಕೊಂಡಿತ್ತು. ಎದುರಿನವರು ಅತ್ತರೂ ನಕ್ಕರೂ ಒಂದೇ ಎಂಬ ಆ ಸ್ಥಿತಿಗೆ ವೈದ್ಯರು ‘ಪರದೆಮಂಕು’ ಎಂದು ಹೆಸರಿಟ್ಟಿದ್ದರು. ಅದಕ್ಕೆ ಮದ್ದು ಹುಡುಕಿದವರು ಧಾರವಾಡದ ನಾದವಿಜ್ಞಾನಿ ಡಾ. ವಾಮನರಾವ್ ಇನಾಮದಾರ. ಅವರು ನಿರ್ಮಿಸಿದ ಯಂತ್ರದ ಹೆಸರು ‘ರಸವಾಹಿ’. ಪರದೆಯಲ್ಲಿ ಕಾಣುವ ಮುಖದ ಗೆರೆಗಳನ್ನೂ ಹುಬ್ಬಿನ ಚಲನೆಯನ್ನೂ ದನಿಯ ಏರಿಳಿತವನ್ನೂ ಅಳೆದು, ಕಣ್ಣು ಮಿಟುಕಿಸುವಷ್ಟರಲ್ಲಿ ಆ ಮುಖಕ್ಕೆ ತಕ್ಕ ಹಿನ್ನೆಲೆ ಸಂಗೀತವನ್ನು ಅದು ಹೆಣೆಯುತ್ತಿತ್ತು. ಸಂಗೀತ ನೋಡುವವರಿಗೆ ಮಾತ್ರ. ಯಾರ ಮುಖಕ್ಕಾಗಿ ಅದು ನುಡಿಯುತ್ತಿತ್ತೋ ಅವರಿಗೆ ಅದು ಕೇಳಿಸುತ್ತಿರಲಿಲ್ಲ.

ರಸವಾಹಿ ತನ್ನ ವಿದ್ಯೆಯನ್ನು ಕಲಿತದ್ದು ಚಲನಚಿತ್ರಗಳಿಂದ. ಒಂದು ಶತಮಾನದ ಚಿತ್ರಗಳನ್ನು ಅದಕ್ಕೆ ತೋರಿಸಲಾಗಿತ್ತು. ತಾಯಿ ಕಂಡರೆ ಕೊಳಲು, ವಂಚಕ ಬಂದರೆ ತಗ್ಗು ಸ್ವರದ ತಂತಿವಾದ್ಯ, ನೊಂದವರಿಗೆ ಸಾರಂಗಿ ಎಂಬುದನ್ನು ಅದು ಅಲ್ಲಿಂದಲೇ ಅರಿತುಕೊಂಡಿತ್ತು. ಅದು ಬಂದ ಮೇಲೆ ಅಧಿಕಾರಿಗಳು ತೂಕಡಿಸುವುದು ನಿಂತಿತು. ಸಾರಂಗಿಯ ಎಳೆಯೊಂದು ಕೇಳಿದ ಕೂಡಲೇ ಅನಾಥ ಮುದುಕಿಯರ ಪಿಂಚಣಿ ಮಂಜೂರಾಗತೊಡಗಿತು. ಇನಾಮದಾರರಿಗೆ ರಾಜ್ಯಪ್ರಶಸ್ತಿ ಬಂತು, ಧಾರವಾಡ ಅವರನ್ನು ಹೆಗಲ ಮೇಲೆ ಹೊತ್ತು ಮೆರೆಸಿತು.

ಗೌರವ್ವನಿಗೆ ಇದೊಂದೂ ಗೊತ್ತಿರಲಿಲ್ಲ. ಅವಳು ಜಟ್ಟಿ. ಗಂಡಸರ ಕಣಕ್ಕೆ ಇಳಿದ ಆ ಸೀಮೆಯ ಮೊದಲ ಹೆಂಗಸು. ಮೂಗು ಎರಡು ಸಲ ಮುರಿದು ಬಲಕ್ಕೆ ವಾಲಿತ್ತು. ಪಟ್ಟುಗಳ ತಿಕ್ಕಾಟದಲ್ಲಿ ಕಿವಿಗಳು ಗಂಟುಗಟ್ಟಿದ್ದವು. ಕುತ್ತಿಗೆ ಭುಜದಷ್ಟೇ ಅಗಲ. ಕುಸ್ತಿ ಬಿಟ್ಟ ಮೇಲೆ ಅಜ್ಜನ ಹಳೆಯ ಗರಡಿಯನ್ನು ತಾನೇ ನಡೆಸುತ್ತ ಸುತ್ತಲಿನ ಊರುಗಳ ಹುಡುಗಿಯರಿಗೆ ವಿದ್ಯೆ ಹೇಳಿಕೊಡುತ್ತಿದ್ದಳು. ಅವಳ ಕೈಯಲ್ಲಿ ಪಳಗಿದವರು ದೇಶದ ಪರವಾಗಿ ಆಡಿ ಪದಕ ತಂದಿದ್ದರು. ಮದುವೆಯಾಗಿರಲಿಲ್ಲ. ತಂಗಿ ಕಾಯಿಲೆಯಿಂದ ತೀರಿಕೊಂಡಾಗ, ತಂದೆಯೂ ಇಲ್ಲದ ಮಗಳು ಶಾಂಭವಿಯನ್ನು ಹುಬ್ಬಳ್ಳಿಯ ಬಾಲಮಂದಿರಕ್ಕೆ ಸೇರಿಸಿದ್ದರು. ಒಂಟಿ ಹೆಂಗಸೊಬ್ಬಳು ಮಗುವನ್ನು ಸಾಕಲು ಮುಂದೆ ಬಂದರೆ ಮಂಡಳಿಯ ಒಪ್ಪಿಗೆ ಬೇಕೆಂಬ ನಿಯಮವಿತ್ತು.

“ನಿಮ್ಮ ಪ್ರೀತಿ ದೊಡ್ಡದು, ಗೌರವ್ವನವರೇ,” ಎಂದರು ಸುಧಾಮಣಿ, ನಗುಮುಖದಲ್ಲೇ. “ಆದರೆ ಮಗು ಸಾಕೋದು ಅಂದ್ರೆ ಆಟ ಅಲ್ಲ, ಅಲ್ವಾ? ಸದ್ಯಕ್ಕೆ ಮಗು ಅಲ್ಲೇ ಇರಲಿ.”

ಇದು ಎರಡನೆಯ ತಿರಸ್ಕಾರ. ವಿಚಾರಣೆಗೆಂದು ಅವಳನ್ನು ಕೂರಿಸಿದ್ದ ಬಾಲಮಂದಿರದ ಪರದೆ ಆರಿದ ಮೇಲೂ ಗೌರವ್ವ ಕುರ್ಚಿ ಬಿಟ್ಟು ಏಳಲಿಲ್ಲ. ಪಕ್ಕದಲ್ಲಿದ್ದ ಮೇಲ್ವಿಚಾರಕಿ ಫಕೀರವ್ವ ಕಣ್ಣು ತಪ್ಪಿಸುತ್ತಿದ್ದುದನ್ನು ಅವಳು ಕಂಡಳು.

“ಅವರು ನಗಾಕತ್ತಿದ್ರು. ಹೋದ ಸರ್ತಿನೂ ನಕ್ಕರು. ನಾ ಏನ್ ನಗೂವಂಥದ್ದು ಮಾತಾಡಿದ್ನಿ, ಹೇಳವ್ವಾ?”

ಫಕೀರವ್ವ ಸಂಕೋಚದಿಂದ ಹೇಳಿದಳು. “ನಿಮ್ಮ ಮಾತಿಗಲ್ರಿ ಅಕ್ಕಾರ. ನಿಮ್ಮ ಮುಖ ಬಂದ ಕೂಡ್ಲೆ ಒಂದು ಸಂಗೀತ ಬರತೈತ್ರಿ. ನನ್ನ ಪರದಿಗೆ ಜೋಡಿಸಿದ ಕಿವಿಯಂತ್ರದಾಗ ನನಗೂ ಕೇಳಸ್ತೈತಿ. ಸುಳ್ಳ್ಯಾಕ ಹೇಳ್ಲಿ, ನನಗೂ ನಗಿ ತಡ್ಯಾಕ ಆಗೂದಿಲ್ಲ.”

ಸಿಟ್ಟಿಗೆ ಸಿಟ್ಟು ಕೊಡುವುದು ಗೌರವ್ವನಿಗೆ ಗೊತ್ತಿತ್ತು. ಹೆದರುವವರನ್ನು ಅವಳು ಮರುಕದಿಂದ ಕಂಡಿದ್ದಳು. ನಗುವವರನ್ನು ಮಾತ್ರ ಏನು ಮಾಡಬೇಕೆಂದು ಅವಳಿಗೆ ತಿಳಿಯಲಿಲ್ಲ. ಮರುದಿನ ಧಾರವಾಡದ ಬಸ್ಸು ಹತ್ತಿದಳು.

ಇನಾಮದಾರರ ಪ್ರಯೋಗಾಲಯದ ಬಾಗಿಲು ಚಿಕ್ಕದು. ಗೌರವ್ವ ಕೊಂಚ ಬಾಗಿ ಒಳಬಂದಳು.

“ಕೂಡ್ರಿ, ಕೂಡ್ರಿ,” ಎಂದು ವಿಜ್ಞಾನಿ ಕುರ್ಚಿ ಎಳೆದು ಹಾಕಿದರು. ತೆಳ್ಳನೆಯ ಮನುಷ್ಯ, ಮಾತಿಗೊಮ್ಮೆ ಕನ್ನಡಕ ಸರಿಪಡಿಸಿಕೊಳ್ಳುವ ಅಭ್ಯಾಸ.

“ನಾ ಕೂಡ್ರಾಕ ಬಂದಿಲ್ರಿ. ನಿಮ್ಮ ಯಂತ್ರ ನನಗ ಏನಂತೈತಿ ಕೇಳಾಕ ಬಂದೇನಿ.”

ವಿಷಯ ತಿಳಿದುಕೊಂಡ ಇನಾಮದಾರರು ಮಂಡಳಿಯ ಅನುಮತಿ ತರಿಸಿ ವಿಚಾರಣೆಯ ದೃಶ್ಯವನ್ನು ಅವಳ ಮುಂದೆ ಓಡಿಸಿದರು. ಗೌರವ್ವ ಮೊದಲ ಬಾರಿಗೆ ತನ್ನ ಮುಖವನ್ನು ಅದರ ಸಂಗೀತದ ಸಮೇತ ಕಂಡಳು. ತುತ್ತೂರಿ ಹೆಜ್ಜೆ ಹಾಕಿತು, ಕ್ಲಾರಿನೆಟ್ ಜಾರಿ ಬಿತ್ತು. ಪರದೆಯ ಮೇಲೆ ಅವಳು ತಂಗಿಯ ಸಾವಿನ ಬಗ್ಗೆ ಹೇಳುತ್ತಿದ್ದಳು. ಆ ಮಾತು ಈಗ ಯಾವುದೋ ಪ್ರಹಸನದ ಮಾತಿನಂತೆ ಕೇಳಿಸಿತು. ತನ್ನ ತುಟಿಯೇ ಸಡಿಲವಾದದ್ದು ಅವಳಿಗೆ ತಿಳಿಯಿತು. ಅವಳು ಎದ್ದು ಹೋಗಿ ಕಿಟಕಿಯ ಹೊರಗೆ ನೋಡುತ್ತ ನಿಂತಳು.

“ಯಾಕ್ರಿ ಹಿಂಗ?” ಎಂದಳು, ತಿರುಗದೆ.

“ಯಂತ್ರದ ತಪ್ಪಲ್ಲರಿ ಇದು, ನಮ್ಮ ತಪ್ಪು,” ಎಂದರು ಇನಾಮದಾರರು. “ಸಿನೆಮಾದಾಗ ನಿಮ್ಮಂಥ ಗಟ್ಟಿಮುಟ್ಟು ಹೆಂಗಸು ಬರೋದು ಯಾವಾಗ, ಹೇಳ್ರಿ? ಗಂಡನ್ನ ಎತ್ತಿ ಒಗೀಲಿಕ್ಕೆ, ಇಲ್ಲಾ ಬಾಗಿಲದಾಗ ಸಿಕ್ಕೊಂಡು ಜನರನ್ನ ನಗಸಲಿಕ್ಕೆ. ಆವಾಗೆಲ್ಲಾ ಇದೇ ತುತ್ತೂರಿ. ಯಂತ್ರ ಅದನ್ನೇ ನೋಡಿ ಕಲ್ತದ. ಇಂಥಾ ಮುಖಕ್ಕ ಇಂಥಾ ಸಂಗೀತ ಅಂತ.”

“ಮುಖ ನೋಡಿದ ಮ್ಯಾಲೆ ಸಂಗೀತ ಹಾಕೂದು ಖರೆ. ಆದ್ರ ಸಂಗೀತ ಬಂದ ಮ್ಯಾಲೆ ಮುಖಾನ ಬ್ಯಾರೆ ಆಗತೈತಲ್ರಿ.”

“ಅದೇ ಅದರ ಶಕ್ತಿ,” ಎಂದರು ಇನಾಮದಾರರು. ಆ ದನಿಯಲ್ಲಿ ಇಣುಕಿದ ಹೆಮ್ಮೆ ಅವರಿಗೇ ಕೇಳಿಸಿ ನಾಚಿಕೆಯಾಯಿತು. ಕೂಡಲೇ ಮಾತು ಸೇರಿಸಿದರು. “ಇರಲಿ, ಇದಕ್ಕ ಉಪಾಯ ಅದ. ನಿಮ್ಮ ಮುಖಕ್ಕ ನಾ ಕೊಳಲು ಜೋಡಸ್ತೇನಿ. ತಾಯಿ ಸಂಗೀತ. ಒಂದು ಗುಂಡಿ ಒತ್ತಿದ್ರ ಆತು. ನಾಳೆ ಮಗು ನಿಮ್ಮ ಮನ್ಯಾಗ ಇರ್ತದ.”

ಗೌರವ್ವ ತಿರುಗಿ ನಿಂತಳು.

“ಈ ಮೂಗು ನೋಡ್ರಿ ಸಾಹೇಬ್ರ. ಮೊದಲ್ನೇ ಸಲ ಮುರದದ್ದು ಬೆಳಗಾವಿ ಕಣದಾಗ. ಹೆಂಗಸಿನ ಜೋಡಿ ಆಡೂದಿಲ್ಲ ಅಂದಾವನ್ನ ಕಡೀಕ ಚಿತ್ ಮಾಡಿದಾಗ. ಈ ಕಿವಿ, ಈ ಕುತಗಿ ಎಲ್ಲಾ ನಾ ಗಳಿಸಿದ್ದು. ಇದರ ಮ್ಯಾಲೆ ಕೊಳಲು ಹಾಕಿ ಮುಚ್ಚಬ್ಯಾಡ್ರಿ. ಕೂಸಿನ್ನ ನಾ ಗೆದ್ದು ಒಯ್ಯಾಕಿ, ಕದ್ದು ಒಯ್ಯಾಕಿ ಅಲ್ಲ.”

ಇನಾಮದಾರರು ಕೊಳಲಿನ ಮಾತನ್ನು ಕೈಬಿಟ್ಟರು. ಆಮೇಲೆ, ಸಂಗೀತವನ್ನು ಪೂರ್ತಿ ತೆಗೆದರೆ ಹೇಗೆ ಎಂದು ಯೋಚಿಸಿದರು. ಹತ್ತಿರದ ಕಾಲೇಜಿನ ವಿದ್ಯಾರ್ಥಿಗಳನ್ನು ಕರೆಸಿ, ಅದೇ ದೃಶ್ಯವನ್ನು ಸಂಗೀತವಿಲ್ಲದೆ ತೋರಿಸಿದರು. ಯಾರೂ ನಗಲಿಲ್ಲ. ಆದರೆ ಅವರಲ್ಲಿ ಹೆಚ್ಚಿನವರು ಹೇಳಿದ್ದು ಒಂದೇ ಮಾತು: ಈಕೆ ಏನನ್ನೋ ಮುಚ್ಚಿಡುತ್ತಿದ್ದಾಳೆ, ಈಗಲೋ ಆಗಲೋ ಏನೋ ಕೆಟ್ಟದ್ದು ನಡೆಯಲಿದೆ.

“ನೋಡ್ರಿ, ಎಂಥಾ ಫಜೀತಿ,” ಎಂದರು ಇನಾಮದಾರರು. “ಪ್ರತಿಯೊಂದು ಮುಖಕ್ಕೂ ಸಂಗೀತ ಕೇಳಿ ಕೇಳಿ, ಸಂಗೀತ ಇಲ್ಲದ ಮುಖ ಕಂಡ್ರ ಜನ ಹೆದರಲಿಕತ್ತಾರ. ಸಿನೆಮಾದಾಗ ಕೊಲೆ ಆಗೋ ಮೊದಲು ಎಲ್ಲಾ ಸುಮ್ಮಗಾಗ್ತದಲ್ಲ, ಹಂಗ.”

“ಹಂಗಾದ್ರ ನೀವು ಅಣ್ಣಿಗೇರಿಗೆ ಬರ್ರಿ,” ಎಂದಳು ಗೌರವ್ವ. “ನೀವು ನನ್ನ ಪರದ್ಯಾಗ ಅಷ್ಟ ನೋಡೀರಿ, ಗರಡ್ಯಾಗ ನೋಡಿಲ್ಲ.”

ಅವರು ಹೋದರು. ಗರಡಿಯ ಕಣದಲ್ಲಿ ಕೆಮ್ಮಣ್ಣಿಗೆ ಎಣ್ಣೆ, ಮಜ್ಜಿಗೆ, ಅರಿಸಿನ ಬೆರೆಸಿ ಹದ ಮಾಡಿದ್ದರು. ಆ ದಿನ ನೆರೆಯೂರಿನ ಹುಡುಗಿಯರೊಡನೆ ಜೋಡಿ ಕುಸ್ತಿ ಇತ್ತು. ಕಣದಂಚಿನಲ್ಲಿ ದುರ್ಗಪ್ಪನೆಂಬ ವಾದ್ಯಗಾರ ಹಲಗಿಯೆಂಬ ತೊಗಲುವಾದ್ಯವನ್ನು ಬೆಂಕಿಗೆ ಹಿಡಿದು ಕಾಯಿಸಿ ಎದೆಗೆ ಆನಿಸಿಕೊಂಡ. ಹುಡುಗಿಯರು ಕೈ ಕೈ ತಾಗಿಸಿದಾಗ ಹಲಗಿ ಮೆಲ್ಲನೆ ಉಲಿಯಿತು. ಒಬ್ಬಳು ಇನ್ನೊಬ್ಬಳ ಕಾಲಿಗೆ ಹಾಯ್ದಾಗ ಗತಿ ಏರಿತು. ಪಟ್ಟು ಬಿಗಿದಾಗ ಅದು ಉಸಿರು ಹಿಡಿದಂತೆ ನಿಂತು, ಬಿಡಿಸಿಕೊಂಡಾಗ ಸಿಡಿಯಿತು. ಗೌರವ್ವ ಕಣದ ನಡುವೆ ನಿಂತು ಕೂಗಿ ಹೇಳುತ್ತಿದ್ದಳು. ಬಿದ್ದವಳನ್ನು ಎಬ್ಬಿಸಿ ಬೆನ್ನಿನ ಮಣ್ಣು ಒರೆಸುತ್ತಿದ್ದಳು. ಸಂಗೀತವನ್ನೇ ಉಸಿರಾಡಿ ಬದುಕಿದ ಇನಾಮದಾರರು ತಮಗರಿವಿಲ್ಲದೆ ಎದ್ದು ನಿಂತಿದ್ದರು. ಈ ಹೆಂಗಸಿನ ಮುಖದಲ್ಲಿ ನಗೆ ಬರಿಸುವಂಥದ್ದು ಏನಿದೆಯೆಂದು ಹುಡುಕಿದರು. ಏನೂ ಸಿಗಲಿಲ್ಲ.

“ಈ ಹಲಗಿ ನನ್ನ ಯಂತ್ರ ಕೇಳೇ ಇಲ್ಲ,” ಎಂದರು ಅವರು ಸಂಜೆ. “ಕೇಳಿದ್ರೂ ಹೆಣ್ಣುಮಕ್ಕಳ ಮುಖದ ಜೋಡಿ ಕೇಳಿಲ್ಲ. ಕೇಳಸೋಣ. ಸುಳ್ಳಲ್ಲ ಇದು, ಖರೇ ಖರೇ ನಿಮ್ಮ ಸಂಗೀತ. ಇದಕ್ಕರ ಒಪ್ಪತೀರಿಲ್ಲೋ?”

ಗೌರವ್ವ ದುರ್ಗಪ್ಪನತ್ತ ನೋಡಿದಳು. ಅವನು ಮೀಸೆ ತಿರುವಿದ. “ಒಪ್ಪೇನಿ,” ಎಂದಳು.

ಮುಂದಿನ ಕೆಲವು ತಿಂಗಳು ಇನಾಮದಾರರು ಗದಗ, ನವಲಗುಂದ, ಬೆಳಗಾವಿಯ ಗರಡಿಗಳನ್ನು ಸುತ್ತಿದರು. ಕುಸ್ತಿಯ ಹುಡುಗಿಯರ ಮುಖಗಳನ್ನೂ ಅವರಿಗಾಗಿ ಮೊಳಗುವ ಹಲಗಿಯನ್ನೂ ಚಿತ್ರೀಕರಿಸಿ ರಸವಾಹಿಗೆ ಉಣಿಸಿದರು. ಮೊದಮೊದಲು ಯಂತ್ರ ಹಠ ಹಿಡಿದು ತುತ್ತೂರಿಗೇ ಮರಳುತ್ತಿತ್ತು. ನಿಧಾನವಾಗಿ ಕಲಿಯಿತು. ಒಂದು ಬೆಳಿಗ್ಗೆ ಯಾರ ಒತ್ತಾಯವೂ ಇಲ್ಲದೆ ಗೌರವ್ವನ ಮುಖಕ್ಕೆ ಅದು ತಾನೇ ಹಲಗಿ ಬಾರಿಸಿತು. ತಿದ್ದಿದ ಯಂತ್ರದ ವರದಿಯನ್ನು ಮಂಡಳಿಗೆ ಸಲ್ಲಿಸಿದಾಗ, ಮೂರನೆಯ ವಿಚಾರಣೆಗೆ ಒಪ್ಪಿಗೆ ಸಿಕ್ಕಿತು.

ಆ ದಿನ ಇನಾಮದಾರರು ಬಾಲಮಂದಿರದಲ್ಲಿ ಫಕೀರವ್ವನ ಪಕ್ಕ ಕುಳಿತಿದ್ದರು. ಬೆಂಗಳೂರಿನ ಕೊಠಡಿಯಲ್ಲಿ ಗೌರವ್ವನ ಮುಖ ಮೂಡಿತು. ಹಲಗಿ ಗುಡುಗಿತು. ಸುಧಾಮಣಿ ಅರಸು ಒರಗಿದ್ದ ಬೆನ್ನನ್ನು ನೆಟ್ಟಗೆ ಮಾಡಿದರು. ಸದಸ್ಯರಿಬ್ಬರೂ ಅಂಗಿಯ ಕಾಲರು ಸರಿಮಾಡಿಕೊಂಡರು.

“ನಮಸ್ಕಾರ್ರಿ. ನಾ ಗೌರವ್ವ...”

“ನಮಸ್ಕಾರ, ನಮಸ್ಕಾರ ಅಮ್ಮ,” ಎಂದರು ಸುಧಾಮಣಿ. ಅವರ ಕಣ್ಣಲ್ಲಿ ನೀರಾಡಿತು. “ಎಂಥಾ ತೇಜಸ್ಸು ನಿಮ್ಮದು! ನಿಮ್ಮಂಥವರ ಮನೆಯಲ್ಲಿ ಬೆಳೆಯೋದು ಆ ಮಗೂನ ಪುಣ್ಯ. ನಾವು ಒಪ್ಪಿದ್ದೀವಿ. ಏನಂತೀರಿ?” ಎಂದು ಎಡಬಲಕ್ಕೆ ತಿರುಗಿದರು. ಸದಸ್ಯರು ಜೋರಾಗಿ ತಲೆಯಾಡಿಸಿದರು.

ಫಕೀರವ್ವ ಇನಾಮದಾರರ ಕೈ ಹಿಡಿದುಕೊಂಡಳು. ಗೌರವ್ವ ಮಾತ್ರ ನಗಲಿಲ್ಲ. ಅವಳ ಕಣ್ಣು ಪರದೆಯಲ್ಲಿ ಕಾಣುತ್ತಿದ್ದ ಅಧ್ಯಕ್ಷೆಯ ಬೆರಳುಗಳ ಮೇಲಿತ್ತು. ಆ ಬೆರಳುಗಳು ಮೇಜಿನ ಮೇಲೆ ತಾಳ ಹಾಕುತ್ತಿದ್ದವು. ಪಟ್ಟು ಬಿಡಿಸಿಕೊಂಡಾಗಿನ ತಾಳ. ಅದು ಅವಳಿಗೆ ನಿದ್ದೆಯಲ್ಲೂ ಗೊತ್ತಿತ್ತು.

“ಬ್ಯಾಡ್ರಿ,” ಎಂದಳು.

“ಏನು?”

“ಹಿಂಗ ಕೊಟ್ರ ನನಗ ಬ್ಯಾಡ. ಮದಲ ನಕ್ಕೋಂತ ಇಲ್ಲ ಅಂದ್ರಿ, ಏನೂ ಕೇಳ್ಲಿಲ್ಲ. ಈಗ ಕುಣಕೋಂತ ಹೂಂ ಅಂತೀರಿ, ಈಗೂ ಏನೂ ಕೇಳ್ಲಿಲ್ಲ. ಹುಡುಗಿ ಎಲ್ಲಿ ಮಕ್ಕೋತಾಳ, ನಾ ಶಿಷ್ಯಾರನ್ನ ಕರಕೊಂಡು ಪಂದ್ಯಕ್ಕ ಹ್ವಾದ್ರ ಯಾರ್ ನೋಡ್ಕೋತಾರ, ಸಾಲಿ ಎಷ್ಟ ದೂರ ಐತಿ? ಒಂದರ ಕೇಳಿದ್ರೇನು? ನಾಳೆ ನನ್ನಕಿಂತ ಕೆಟ್ಟಾಕಿ ಬಂದು ಕುಂತು, ಆಕಿಗೂ ಹಲಗಿ ಬಾರಿಸಿದ್ರ, ಆಕಿ ಕೈಯಾಗೂ ಒಂದು ಕೂಸು ಕೊಡ್ತೀರಿ.”

ಇನಾಮದಾರರು ಕಣ್ಣು ಮುಚ್ಚಿಕೊಂಡರು. ಕೈಗೆ ಬಂದದ್ದನ್ನು ಈಕೆ ತಾನೇ ಚೆಲ್ಲುತ್ತಿದ್ದಾಳೆ ಎನಿಸಿತು. ಹಲಗಿ ಇನ್ನೂ ಮೊಳಗುತ್ತಲೇ ಇತ್ತು. ಸಿಟ್ಟಿನ ಮಾತಿಗೆ ಯಂತ್ರ ಗತಿ ಏರಿಸಿತ್ತು. ಸುಧಾಮಣಿ ಅರಸು ಕೈ ಚಾಚಿ, ರಸವಾಹಿಯನ್ನು ನಿಲ್ಲಿಸುವ, ವರ್ಷಗಳಿಂದ ಯಾರೂ ಮುಟ್ಟದ ಗುಂಡಿಯನ್ನು ಒತ್ತಿದರು. ಕೊಠಡಿ ನಿಶ್ಶಬ್ದವಾಯಿತು. ಸದಸ್ಯರೊಬ್ಬರು ಬೆಚ್ಚಿ ಬಾಗಿಲಿನತ್ತ ನೋಡಿದರು.

“ನೀವು ಹೇಳೋದು ನಿಜ,” ಎಂದರು ಅಧ್ಯಕ್ಷೆ, ತಮ್ಮ ದನಿ ತಮಗೇ ಅಪರಿಚಿತವೆಂಬಂತೆ. “ಸ್ಥಳಭೇಟಿಗೆ ನಿಯಮದಲ್ಲಿ ಅವಕಾಶ ಇದೆ. ನಾವೇ ಬರ್ತೀವಿ.”

ಅವರು ಬಂದ ದಿನ ಗರಡಿಗೆ ರಜೆ. ಶಾಂಭವಿಯನ್ನೂ ಫಕೀರವ್ವ ಕರೆತಂದಿದ್ದಳು, ಇನಾಮದಾರರೂ ಬಂದಿದ್ದರು. ಹನ್ನೆರಡರ ಹುಡುಗಿ, ಸಣಕಲು ಮೈ, ದೊಡ್ಡ ಕಣ್ಣು. ಗೌರವ್ವ ಜೋಳದ ರೊಟ್ಟಿ, ಎಣ್ಣೆಗಾಯಿ ಬಡಿಸಿದಳು. ಮಂಡಳಿಯವರು ಉಂಡರು, ಮನೆ ನೋಡಿದರು, ನೆರೆಯವರನ್ನು ಮಾತಾಡಿಸಿದರು. ಪರದೆ ಇಲ್ಲದ, ಸಂಗೀತ ಇಲ್ಲದ ಮುಖಗಳ ಎದುರು ಅವರಿಗೆ ಮೊದಲು ಕೈಕಾಲೇ ಆಡಲಿಲ್ಲ. ಗೌರವ್ವ ಯಾವುದೋ ಮಾತಿಗೆ ಹುಬ್ಬು ಗಂಟಿಕ್ಕಿದಾಗ ಸುಧಾಮಣಿ ಇನಾಮದಾರರ ಕಿವಿಯಲ್ಲಿ ಪಿಸುಗುಟ್ಟಿದರು: “ಡಾಕ್ಟರೇ, ಅವರಿಗೆ ಕೋಪ ಬಂದಿದೆಯಾ, ತಮಾಷೆ ಮಾಡ್ತಿದ್ದಾರಾ? ನನಗೆ ಗೊತ್ತೇ ಆಗ್ತಿಲ್ಲ.”

“ನನಗೂ ತಿಳೀವಲ್ಲದು. ಅವರನ್ನೇ ಕೇಳ್ರಿ,” ಎಂದರು ಇನಾಮದಾರರು.

ಅಧ್ಯಕ್ಷೆ ಕೇಳಿದರು. ಗೌರವ್ವನಿಗೆ ಹಲ್ಲುನೋವು ಎಂದು ತಿಳಿಯಿತು. ಅಲ್ಲಿಂದ ಮಾತು ಸಲೀಸಾಯಿತು. ಪಂದ್ಯಕ್ಕೆ ಹೋದಾಗ ಹುಡುಗಿ ಎಲ್ಲಿರುತ್ತಾಳೆ? ಓಣಿಯ ಶಿಕ್ಷಕಿಯ ಮನೆಯಲ್ಲಿ. ಜ್ವರ ಬಂದರೆ? ಪಂದ್ಯ ಬಿಡುತ್ತೇನೆ. ಮುಂದೆ ಅವಳು ಏನಾಗಬೇಕು?

ಈ ಪ್ರಶ್ನೆಗೆ ಗೌರವ್ವನ ಎದೆ ಉಬ್ಬಿತು. “ಇದೇನ್ ಕೇಳ್ತೀರಿ? ಗರಡಿಮನಿಯಾಕಿ ಆಕಿ. ನನ್ನ ಅಜ್ಜ ಜಟ್ಟಿ, ನಮ್ಮಪ್ಪ ಜಟ್ಟಿ, ನಾ ಜಟ್ಟಿ. ಈ ಮಣ್ಣಿಗೆ ನನ್ನ ಹಿಂದ ಆಕೀನ. ಒಲಿಂಪಿಕ್ಸ್‌ದಾಗ ಆಡಸ್ತೇನಿ.”

ಸುಧಾಮಣಿ ಶಾಂಭವಿಯತ್ತ ತಿರುಗಿದರು. ಆ ಮಗುವಿನ ಮುಖದಲ್ಲಿ ಅವರಿಗೆ ಏನೂ ಓದಲಾಗಲಿಲ್ಲ. ಓದಲಾಗದ್ದರಿಂದಲೇ ಕೇಳಿದರು. “ನೀನು ಹೇಳಮ್ಮ. ನಿನಗೇನು ಬೇಕು?”

ಹುಡುಗಿ ದೊಡ್ಡವ್ವನನ್ನೊಮ್ಮೆ, ಕಣದ ಕೆಂಪು ಮಣ್ಣನ್ನೊಮ್ಮೆ ನೋಡಿದಳು.

“ನನಗ ಕುಸ್ತಿ ಬ್ಯಾಡ್ರಿ,” ಎಂದಳು. “ಮೈಮ್ಯಾಲೆ ಯಾರರ ಬಿದ್ರ ನನಗ ಸೇರೂದಿಲ್ಲ. ಮಣ್ಣೂ ಸೇರೂದಿಲ್ಲ.” ಮತ್ತೆ ದೊಡ್ಡವ್ವನತ್ತ ತಿರುಗಿದಳು. “ದೊಡ್ಡವ್ವ ಬೇಕು. ಕುಸ್ತಿ ಬ್ಯಾಡ.”

ಇನಾಮದಾರರಿಗೆ ಆ ಕ್ಷಣದಲ್ಲಿ ತಮ್ಮ ವಿದ್ಯೆಯ ಮಿತಿ ನಿಚ್ಚಳವಾಗಿ ಕಂಡಿತು. ಈ ಮಾತಿಗೆ ಹೊಂದುವ ಸ್ವರ ಯಾವ ಚಿತ್ರದಲ್ಲೂ ಇರಲಿಲ್ಲ. ಕೊಳಲು ಹಾಕಿದ್ದರೆ ಮಂಡಳಿಯವರು ಕಣ್ಣೊರೆಸಿಕೊಂಡು ಎದ್ದುಹೋಗಿರುತ್ತಿದ್ದರು. ಹಲಗಿ ಬಾರಿಸಿದ್ದರೆ ಈ ಪ್ರಶ್ನೆಯನ್ನೇ ಯಾರೂ ಕೇಳುತ್ತಿರಲಿಲ್ಲ, ಹುಡುಗಿ ಒಲ್ಲದ ಕಣಕ್ಕೆ ಇಳಿಯುತ್ತಿದ್ದಳು.

ಗೌರವ್ವ ನೆಲ ನೋಡುತ್ತ ನಿಂತಿದ್ದಳು. ದೊಡ್ಡ ದೊಡ್ಡ ಜಟ್ಟಿಗಳೂ ಅವಳನ್ನು ಹಾಗೆ ನಿಲ್ಲಿಸಿರಲಿಲ್ಲ. ಆಮೇಲೆ ಅವಳು ಹುಡುಗಿಯ ಮುಂದೆ ಮೊಣಕಾಲೂರಿ ಕುಳಿತಳು.

“ಇಷ್ಟ ಮಂದಿ ಮುಂದ ನನಗ ಒಲ್ಲೆ ಅಂದ್ಯಲ್ಲ. ಹೆದರಿಕಿ ಬರ್ಲಿಲ್ಲೇನು?”

“ಬಂತು.”

“ಬಂದ್ರೂ ಅಂದಿ?”

“ಹೂಂ.”

“ಹಂಗಾದ್ರ ನೀ ಗರಡಿಮನಿಯಾಕೀನ ಬಿಡು,” ಎಂದು ಗೌರವ್ವ ಅವಳ ತಲೆಯನ್ನು ತನ್ನ ಅಗಲವಾದ ಭುಜಕ್ಕೆ ಒತ್ತಿಕೊಂಡಳು. “ಕುಸ್ತಿ ಬ್ಯಾಡಂದ್ರ ಬ್ಯಾಡ. ಏನ್ ಬರತೈತಿ ನಿನಗ?”

“ಲೆಕ್ಕ. ಸಾಲ್ಯಾಗ ನಾನ ಮದಲು.”

ಮಂಡಳಿ ಆ ಸಂಜೆಯೇ ಒಪ್ಪಿಗೆ ಬರೆದುಕೊಟ್ಟಿತು. ಆ ವರ್ಷ ಮಕ್ಕಳ ವಿಚಾರಣೆಗಳಿಂದ ರಸವಾಹಿಯನ್ನು ತೆಗೆಯಲಾಯಿತು. ತೆಗೆಯಬೇಕೆಂದು ಶಿಫಾರಸು ಮಾಡಿದವರು ಸ್ವತಃ ಇನಾಮದಾರರೇ. ವಿಚಾರಣೆಗಳು ನಿಧಾನವಾದವು. ಅಧಿಕಾರಿಗಳು ಬಸ್ಸು ಹತ್ತಿ ಊರೂರು ತಿರುಗಬೇಕಾಯಿತು. ನೋಡಿದರೆ ತಿಳಿಯದ್ದನ್ನು ಕೇಳಿ ತಿಳಿಯುವ ಅಭ್ಯಾಸ ಅವರಿಗೆ ಮತ್ತೆ ಬಂತು. ಪ್ರಶಸ್ತಿ ತಂದ ಯಂತ್ರಕ್ಕೆ ತಾವೇ ಬೀಗ ಹಾಕಿದಿರಾ ಎಂದು ಪತ್ರಿಕೆಯವರು ಕೇಳಿದಾಗ ಇನಾಮದಾರರು, “ಅದನ್ನ ಮಾಡಿದಾಗ ಎಷ್ಟು ಹೆಮ್ಮೆ ಆಗಿತ್ತೋ ಅಷ್ಟೇ ಹೆಮ್ಮೆ ಇದಕ್ಕೂ ಅದ,” ಎಂದು ಕನ್ನಡಕ ಸರಿಪಡಿಸಿಕೊಂಡರು.

ಇತ್ತ ಅಣ್ಣಿಗೇರಿಯಲ್ಲಿ, ಶಾಂಭವಿ ಮನೆಗೆ ಬಂದ ಮೊದಲ ವಾರ ಗೌರವ್ವ ತನ್ನ ಶಿಷ್ಯೆಯರನ್ನೆಲ್ಲ ಕಣದ ಸುತ್ತ ನಿಲ್ಲಿಸಿದಳು. ಮಣ್ಣು ಮೆಟ್ಟಲೊಲ್ಲದ ಹುಡುಗಿಯನ್ನು ಕಣದಾಚೆಯ ಕಟ್ಟೆಯ ಮೇಲೆ, ಅಜ್ಜನೂ ಅಪ್ಪನೂ ಕೂರುತ್ತಿದ್ದ ಜಾಗದಲ್ಲಿ ಕೂರಿಸಿದಳು. ಸೊಂಟಕ್ಕೆ ಕೈಯಿಟ್ಟು, ಓಣಿಯ ಕೊನೆಗೂ ಕೇಳುವಂತೆ ಕೂಗಿ ಹೇಳಿದಳು:

“ಎಲ್ಲಾರೂ ಕೇಳ್ರಿ! ನಮ್ಮ ಮನ್ಯಾಗ ಮೂರು ತಲಿಮಾರು ಜಟ್ಟಿಗೋಳು ಹುಟ್ಟಿದ್ರು. ಲೆಕ್ಕ ಬರೋರು ಒಬ್ರೂ ಹುಟ್ಟಿರ್ಲಿಲ್ಲ. ಈಗ ಬಂದಾಳ, ನೋಡ್ರಿ!”